ಏರಿಯಮ್ಮ ತಡವಾಗಿ ಯೋಚಿಸುತ್ತಾಳೆ

(ಕೋಲಾರದಲ್ಲಿ ಓದುಗರ ಕೂಟವೊಂದರಲ್ಲಿ ಆಡಿದ ಮಾತಿನ ಬರಹ ರೂಪ. ಮಾತಿನ ಓಟದಲ್ಲಿ ಬಿಟ್ಟುಹೋದ ಒಂದೆರಡು ಲೆಕ್ಕಗಳನ್ನು ಬರೆಯುವಾಗ ಸೇರಿಸಿದ್ದೇನೆ.)

ಎಲ್ಲರಿಗೂ ನಮಸ್ಕಾರ. ಕರಪತ್ರದಲ್ಲಿ "ಯೋಚಿಸುವ ಬ್ರಹ್ಮಾಂಡ" ಎಂದು ಅಚ್ಚಾಗಿದೆ. ಅದನ್ನು ನೋಡಿ ಧ್ಯಾನದ ಮೇಲೋ ವೇದಾಂತದ ಮೇಲೋ ಮಾತಿರಬಹುದು ಎಂದು ಬಂದವರಿದ್ದರೆ ಬೇಜಾರು ಮಾಡಿಕೊಳ್ಳಬೇಡಿ. ನಾನು ಕಥೆ ಬರೆಯುವವನು. ಅರ್ಧ ವಿಜ್ಞಾನ, ಅರ್ಧ ಮಾಯೆ ಬೆರೆತ ಕಥೆಗಳು. ಯೋಚಿಸುವ ಬ್ರಹ್ಮಾಂಡ ನನಗೆ ಸಿದ್ಧಾಂತವಲ್ಲ, ಪಾತ್ರ. ಪಾತ್ರ ಎಂದಮೇಲೆ ಅದಕ್ಕೆ ಸಿಟ್ಟು, ಮರೆವು, ಚಾಳಿ ಎಲ್ಲ ಇರಬೇಕು. ಅವನ್ನು ಎಲ್ಲಿಂದ ತರುವುದು ಎಂಬುದೇ ಇವತ್ತಿನ ಮಾತು.

ನಾನು ಬರೆಯುತ್ತಿರುವ ಮಾಲಿಕೆಯ ಜಗತ್ತು ನಮ್ಮದಲ್ಲ. ಅಲ್ಲೂ ನಕ್ಷತ್ರಗಳಿವೆ, ಗೆಲಾಕ್ಸಿಗಳಿವೆ, ಭೌತಶಾಸ್ತ್ರ ಮುಕ್ಕಾಲು ಪಾಲು ಇಲ್ಲಿಯದೇ. ಒಂದೇ ವ್ಯತ್ಯಾಸ: ಅಲ್ಲಿ ಲಕ್ಷ ಗೆಲಾಕ್ಸಿಗಳು ಸೇರಿ ಆದ ಒಂದು ರಚನೆಗೆ ಎಚ್ಚರವಿದೆ. ಈ ತುದಿಯಿಂದ ಆ ತುದಿಗೆ 52 ಕೋಟಿ ಜ್ಯೋತಿರ್ವರ್ಷ (ಒಂದು ಜ್ಯೋತಿರ್ವರ್ಷ ಎಂದರೆ ಬೆಳಕು ಒಂದು ವರ್ಷದಲ್ಲಿ ಓಡುವ ದೂರ). ಅಲ್ಲಿನ ಜನ ಅವಳನ್ನು ಏರಿಯಮ್ಮ ಎನ್ನುತ್ತಾರೆ.

ಈ ಅಳತೆ ನನ್ನ ಬುರುಡೆಯಲ್ಲ. 2014ರಲ್ಲಿ ಖಗೋಳವಿಜ್ಞಾನಿ ಬ್ರೆಂಟ್ ಟಲ್ಲಿ ಮತ್ತು ಸಂಗಡಿಗರು ಗೆಲಾಕ್ಸಿಗಳು ಯಾವ ಕಡೆಗೆ ಹರಿಯುತ್ತಿವೆ ಎಂದು ಲೆಕ್ಕ ಹಾಕಿ, ನಮ್ಮ ಹಾಲುಹಾದಿ ಸೇರಿರುವ ಮಹಾಗುಂಪಿನ ಗಡಿ ಗುರುತಿಸಿದರು. ಲಾನಿಯಾಕಿಯಾ ಎಂದು ಅದರ ಹೆಸರು. ಅಡ್ಡಳತೆ 52 ಕೋಟಿ ಜ್ಯೋತಿರ್ವರ್ಷ, ತೂಕ ಸಾವಿರ ಕೋಟಿ ಕೋಟಿ ಸೂರ್ಯರಷ್ಟು. ಮೂರು ವರ್ಷದ ಮೇಲೆ, 2017ರಲ್ಲಿ, ಪುಣೆಯ ವಿಜ್ಞಾನಿಗಳು ಸುಮಾರು 400 ಕೋಟಿ ಜ್ಯೋತಿರ್ವರ್ಷ ಆಚೆ ಇನ್ನೊಂದನ್ನು ಕಂಡು ಅದಕ್ಕೆ ಸರಸ್ವತಿ ಎಂದು ಹೆಸರಿಟ್ಟರು. ಅದು ಇನ್ನೂ ಒಂದು ಕೈ ದೊಡ್ಡದು, 60 ಕೋಟಿಗೂ ಮೇಲೆ. ನಾನು ಚಿಕ್ಕದನ್ನೇ ಆರಿಸಿಕೊಂಡೆ. ಯಾಕೆ ಎಂಬುದು ಲೆಕ್ಕ ಬಂದಾಗ ತಿಳಿಯುತ್ತದೆ.

ಇಂಥ ಮಹಾಜೀವಿಗಳನ್ನು ಬರೆಯುವಾಗ ನಮ್ಮಲ್ಲಿ ಒಂದು ಅಭ್ಯಾಸ ಇದೆ. ನೌಕೆ ಹೋಗಿ ಎದುರು ನಿಂತದ್ದೇ ತಡ, ಅದು "ಎಲೈ ಮಾನವನೇ" ಎಂದು ಶುರುಮಾಡುತ್ತದೆ, ಅದೂ ಪೌರಾಣಿಕ ನಾಟಕದ ಕನ್ನಡದಲ್ಲಿ. ಕೇಳಿದ ಕ್ಷಣವೇ ಉತ್ತರ. ಹಿಂದಿನದೂ ಗೊತ್ತು, ಮುಂದಿನದೂ ಗೊತ್ತು. ಅದು ದೇವರೇ ಆಗಿದ್ದರೆ ದೇವರೆಂದೇ ಬರೆಯಿರಿ ಸ್ವಾಮಿ, ಗೆಲಾಕ್ಸಿ ಯಾಕೆ ದಂಡ? ದೇವರಿಗೆ ತಡ ಎಂಬುದಿಲ್ಲ, ಇಲ್ಲಿ ಕೂಗಿದರೆ ಅಲ್ಲಿ ಕೇಳುತ್ತದೆ. ರಚನೆಗೆ ಹಾಗಲ್ಲ. ಅದಕ್ಕೆ ಉದ್ದಗಲ ಇದೆ, ಈ ಕಡೆಯ ಸುದ್ದಿ ಆ ಕಡೆಗೆ ಹೋಗಬೇಕು, ಹೋಗುವುದಕ್ಕೆ ಹೊತ್ತು ಹಿಡಿಯುತ್ತದೆ. ಏರಿಯಮ್ಮನ ಸ್ವಭಾವ, ಅವಳ ಕಷ್ಟ, ನನ್ನ ಕಥೆಗೆ ಬೇಕಾದ ಜಗಳ ಎಲ್ಲವೂ ನನಗೆ ಸಿಕ್ಕಿದ್ದು ಆ ಹೊತ್ತಿನಲ್ಲೇ.

ಮೊದಲು ಒಂದು ಎಚ್ಚರಿಕೆ. ಬ್ರಹ್ಮಾಂಡದ ಚಿತ್ರ, ಮಿದುಳಿನ ಚಿತ್ರ ಪಕ್ಕಪಕ್ಕ ಇಟ್ಟು "ಎರಡೂ ಒಂದೇ ನೋಡಿ" ಎಂಬ ಫಾರ್ವರ್ಡ್ ನಿಮ್ಮ ವಾಟ್ಸಾಪ್‌ಗೂ ಬಂದಿರುತ್ತದೆ. ಅದರ ಹಿಂದೆ ನಿಜವಾದ ಕೆಲಸವೂ ಇದೆ. 2020ರಲ್ಲಿ ಇಟಲಿಯ ಖಗೋಳವಿಜ್ಞಾನಿ ಫ್ರಾಂಕೊ ವಾಜ್ಜಾ ಮತ್ತು ನರಶಸ್ತ್ರಚಿಕಿತ್ಸಕ ಆಲ್ಬರ್ಟೊ ಫೆಲೆಟ್ಟಿ ಗೆಲಾಕ್ಸಿಗಳ ಜಾಲ, ನರಕೋಶಗಳ ಜಾಲ ಎರಡನ್ನೂ ಗಣಿತದಿಂದ ಅಳೆದರು. ಎಳೆಗಳು, ಗಂಟುಗಳು ಹರಡಿಕೊಂಡಿರುವ ರೀತಿಯಲ್ಲಿ ಒಂದಷ್ಟು ಹೋಲಿಕೆ ಸಿಕ್ಕಿತು. ಆಕಾರ ಹೋಲುತ್ತದೆ ಎಂದಮಾತ್ರಕ್ಕೆ ಬ್ರಹ್ಮಾಂಡ ಯೋಚಿಸುತ್ತದೆ ಎಂದು ಅವರು ಹೇಳಲಿಲ್ಲ, ಫಾರ್ವರ್ಡ್ ಮಾಡಿದವರು ಹೇಳಿದರು. ಕಥೆಗಾರನಿಗೂ ಆಕಾರ ಸಾಲದು. ಒಳಗೆ ಏನೋ ಒಂದು ಹರಿಯಬೇಕು, ತುಂಬಬೇಕು, ತುಂಬಿದ ಮೇಲೆ ಮುಂದಕ್ಕೆ ದಾಟಬೇಕು.

ಈ ಜಾಗದಲ್ಲಿ ನನಗೆ ನಿಮ್ಮ ಜಿಲ್ಲೆ ನೆರವಾಯಿತು. ಕೆರೆಸಾಲಿನ ಬಗ್ಗೆ ಕೋಲಾರದವರಿಗೆ ಹೇಳುವುದು ಅಧಿಕಪ್ರಸಂಗ, ಆದರೂ ಹೇಳುತ್ತೇನೆ. ವರ್ಷಪೂರ್ತಿ ಹರಿಯುವ ನದಿ ಒಂದೂ ಇಲ್ಲದ ಸೀಮೆ. ಪಾಲಾರ್ ಕೂಡ ಮಳೆ ಬಂದರೆ ನದಿ, ಇಲ್ಲದಿದ್ದರೆ ಮರಳು. ಹಿಂದಿನವರು ಇಳಿಜಾರು ನೋಡಿ ಕೆರೆಯ ಕೆಳಗೆ ಕೆರೆ ಕಟ್ಟಿದರು. ಮೇಲಿನ ಕೆರೆ ತುಂಬಿ ಕೋಡಿ ಬೀಳಬೇಕು, ಆ ನೀರು ಕಾಲುವೆ ಹಿಡಿದು ಕೆಳಗಿನ ಕೆರೆಗೆ ಇಳಿಯಬೇಕು, ಅದು ತುಂಬಬೇಕು, ಆಮೇಲೆ ಅದರ ಕೋಡಿ. ಮುಕ್ಕಾಲು ತುಂಬಿದ ಕೆರೆ ಮುಕ್ಕಾಲು ಕೋಡಿ ಬೀಳುವುದಿಲ್ಲ. ಬಿತ್ತು, ಅಥವಾ ಬೀಳಲಿಲ್ಲ, ಎರಡೇ ಮಾತು.

ನರಕೋಶದ ವ್ಯವಹಾರವೂ ಇದೇ. ಅದರೊಳಗಿನ ವೋಲ್ಟೇಜು ಸುಮಾರು ಮೈನಸ್ 70 ಮಿಲಿವೋಲ್ಟ್‌ನಲ್ಲಿ ಸುಮ್ಮನೆ ಇರುತ್ತದೆ. ಅಕ್ಕಪಕ್ಕದ ಕೋಶಗಳಿಂದ ಬಂದದ್ದು ಕೂಡಿ ಕೂಡಿ ಮೈನಸ್ 55ರ ಹತ್ತಿರ ಮುಟ್ಟಿದಾಗ ಒಮ್ಮೆಲೇ ಮಿಡಿಯುತ್ತದೆ. ಮಿಡಿದರೆ ಪೂರ್ತಿ, ಇಲ್ಲದಿದ್ದರೆ ಇಲ್ಲವೇ ಇಲ್ಲ. ನಮ್ಮ ತಲೆಯಲ್ಲಿ ಇಂಥವು ಸುಮಾರು 8,600 ಕೋಟಿ ಇವೆ.

ಹಾಗಾದರೆ ಆಕಾಶದಲ್ಲಿ ಕೋಡಿ ಬೀಳುವುದು ಯಾವುದು? ಇದಕ್ಕೆ ನಾನು ಏನನ್ನೂ ಹುಟ್ಟಿಸಬೇಕಾಗಲಿಲ್ಲ. ಪರ್ಸಿಯಸ್ ಎಂಬ ಗೆಲಾಕ್ಸಿ ಗುಂಪು ನಮ್ಮಿಂದ ಸುಮಾರು 25 ಕೋಟಿ ಜ್ಯೋತಿರ್ವರ್ಷ ದೂರದಲ್ಲಿದೆ. ಗುಂಪಿನ ತುಂಬ ಕೋಟ್ಯಂತರ ಡಿಗ್ರಿ ಬಿಸಿಯ ಅನಿಲ. ಅದು ಆರಿದಂತೆ ನಡುವಿನ ಕಪ್ಪುಕುಳಿಯ ಕಡೆಗೆ ಇಳಿಯುತ್ತದೆ. ಸಾಕಷ್ಟು ಇಳಿದಾಗ ಕಪ್ಪುಕುಳಿಯ ಸುತ್ತ ಸಿಡಿತವಾಗಿ ಎರಡೂ ಕಡೆಗೆ ಶಕ್ತಿ ಚಿಮ್ಮುತ್ತದೆ, ಸುತ್ತಲ ಅನಿಲ ಮತ್ತೆ ಬಿಸಿಯಾಗುತ್ತದೆ, ಇಳಿಯುವುದು ನಿಲ್ಲುತ್ತದೆ. ಮತ್ತೆ ಆರಬೇಕು, ಮತ್ತೆ ತುಂಬಬೇಕು. ಆ ಸಿಡಿತದ ಅಲೆಗಳು ಅನಿಲದಲ್ಲಿ ಹರಡಿರುವುದನ್ನು 2003ರಲ್ಲಿ ಚಂದ್ರಾ ಎಕ್ಸ್‌ರೇ ದೂರದರ್ಶಕ ತೋರಿಸಿತು. ಅಲೆ ಅಂದರೆ ಶಬ್ದದ ಅಲೆ. ನಮ್ಮ ಹಾರ್ಮೋನಿಯಂನ ನಡು ಸ್ಥಾಯಿಯಿಂದ 57 ಸ್ಥಾಯಿ ಕೆಳಗಿನ ಸ್ವರ. ಒಂದು ಅಲೆ ಬಂದು ಮುಂದಿನ ಅಲೆ ಬರುವುದಕ್ಕೆ 96 ಲಕ್ಷ ವರ್ಷ ಬೇಕು.

ಇದನ್ನು ಓದಿದಾಗ ನನಗೆ ಕಕುದ್ಮಿ ರಾಜನ ಕಥೆ ನೆನಪಾಯಿತು. ಮಗಳು ರೇವತಿಗೆ ಗಂಡು ಹುಡುಕಲು ಅವಳನ್ನೂ ಕರೆದುಕೊಂಡು ಬ್ರಹ್ಮಲೋಕಕ್ಕೇ ಹೋಗುತ್ತಾನೆ. ಅಲ್ಲಿ ಸಂಗೀತ ನಡೆಯುತ್ತಿದೆ. ನಡುವೆ ಬಾಯಿ ಹಾಕುವುದು ಮರ್ಯಾದೆಯಲ್ಲ ಎಂದು ಮುಗಿಯುವವರೆಗೆ ಕಾದು, ಆಮೇಲೆ ವರಗಳ ಪಟ್ಟಿ ಮುಂದಿಡುತ್ತಾನೆ. ಬ್ರಹ್ಮ ನಗುತ್ತಾನೆ. ನೀನು ಹಾಡು ಕೇಳುತ್ತಿದ್ದಾಗ ಕೆಳಗೆ 27 ಚತುರ್ಯುಗ ಕಳೆಯಿತು, ಪಟ್ಟಿಯಲ್ಲಿರುವ ಒಬ್ಬನೂ ಈಗಿಲ್ಲ! ಒಂದು ಚತುರ್ಯುಗಕ್ಕೆ 43 ಲಕ್ಷದ 20 ಸಾವಿರ ವರ್ಷ. ಗುಣಿಸಿದರೆ ಹನ್ನೊಂದೂವರೆ ಕೋಟಿ ದಾಟುತ್ತದೆ. ಅಷ್ಟರಲ್ಲಿ ಪರ್ಸಿಯಸ್‌ನ ಅಲೆ ಸರಿಯಾಗಿ ಒಂದು ಡಜನ್ ಸಲ ಬಂದುಹೋಗಿರುತ್ತದೆ. ಪುರಾಣದವರಿಗೆ ಇದೆಲ್ಲ ಮೊದಲೇ ಗೊತ್ತಿತ್ತು ಎಂದು ನಾನು ಹೇಳುತ್ತಿಲ್ಲ, ಆ ಸಾಲಿನವನಲ್ಲ ನಾನು. ಆದರೆ ಮೇಲಿನವರ ಒಂದು ಹಾಡು ಕೆಳಗಿನವರ ಎಷ್ಟೋ ಜನ್ಮ ಎಂಬ ಭಾವನೆ ನಮ್ಮ ಓದುಗರಿಗೆ ಹೊಸದಲ್ಲ. ಅಷ್ಟು ನೆಲ ನನಗೆ ಉತ್ತು ಸಿಕ್ಕಿದೆ.

ಈಗ ಲೆಕ್ಕಕ್ಕೆ ಬರೋಣ. ಬೆಳಕಿಗಿಂತ ವೇಗವಾಗಿ ಸುದ್ದಿ ಓಡುವುದಿಲ್ಲ ಎಂಬ ಕಾನೂನನ್ನು ನನ್ನ ಜಗತ್ತಿನಲ್ಲೂ ಮುರಿದಿಲ್ಲ. ಮುರಿಯುವುದು ಸುಲಭ, ಒಂದು ಮಂತ್ರ ಸಾಕು. ಮುರಿದರೆ ಏರಿಯಮ್ಮ ಹೋಗಿ ಎಲೈ ಮಾನವ ಬಂದು ಕೂರುತ್ತಾನೆ. ಹಾಗಾಗಿ ಒಂದು ಸುದ್ದಿ ಅವಳ ಈ ತುದಿಯಿಂದ ಆ ತುದಿ ಮುಟ್ಟುವುದಕ್ಕೆ 52 ಕೋಟಿ ವರ್ಷ. ಬ್ರಹ್ಮಾಂಡದ ವಯಸ್ಸು 1,380 ಕೋಟಿ. ಭಾಗಿಸಿ ನೋಡಿ. ಎಲ್ಲ ಶುರುವಾದ ದಿನದಿಂದ ಇವತ್ತಿನವರೆಗೆ ಸುದ್ದಿ ಅವಳನ್ನು ದಾಟಿರುವುದು ಹೆಚ್ಚೆಂದರೆ 26 ಸಲ.

ನಮ್ಮ ತಲೆಯಲ್ಲಿ? ವೇಗದ ನರಗಳಲ್ಲಿ ಸುದ್ದಿ ಸೆಕೆಂಡಿಗೆ 100 ಮೀಟರಿನ ಆಸುಪಾಸಿನಲ್ಲಿ ಓಡುತ್ತದೆ. ಮಿದುಳಿನ ಉದ್ದ ಒಂದು ಗೇಣಿಗಿಂತ ಕಡಿಮೆ. ನಿಧಾನದ ನರಗಳು, ನಡುವಿನ ಕೊಂಡಿಗಳು ಎಲ್ಲ ಸೇರಿಸಿ ಧಾರಾಳವಾಗಿ ಹತ್ತು ಮಿಲಿಸೆಕೆಂಡು ಎಂದಿಟ್ಟುಕೊಳ್ಳೋಣ. 26 ಸಲ ದಾಟಿದರೆ ಕಾಲು ಸೆಕೆಂಡು, ಅಂದರೆ ಒಮ್ಮೆ ಕಣ್ಣು ಮಿಟುಕಿಸುವಷ್ಟು ಹೊತ್ತು.

ಈ ಲೆಕ್ಕ ಬಿದ್ದ ದಿನ ನನ್ನ ಪಾತ್ರ ತಲೆಕೆಳಗಾಯಿತು. ಅಲ್ಲಿಯವರೆಗೆ ಅವಳನ್ನು ಎಲ್ಲ ಬಲ್ಲ ಮುದುಕಿ ಎಂದೇ ಬರೆಯುತ್ತಿದ್ದೆ. ವಯಸ್ಸು ಸಾವಿರ ಕೋಟಿ ಮೀರಿದೆಯಲ್ಲ! ಆದರೆ ಯೋಚನೆಯ ಲೆಕ್ಕದಲ್ಲಿ ಅವಳು ಹುಟ್ಟಿ ಕಾಲು ಸೆಕೆಂಡು ಆಗಿದೆ. ಗಾಢ ನಿದ್ದೆಯಿಂದ ಯಾರೋ ಅಲುಗಾಡಿಸಿದಾಗ ಮೊದಲ ಕಾಲು ಸೆಕೆಂಡು ಹೇಗಿರುತ್ತದೆ ನೆನಪು ಮಾಡಿಕೊಳ್ಳಿ. ಎಲ್ಲಿದ್ದೀನಿ ಗೊತ್ತಿಲ್ಲ, ಯಾರು ಗೊತ್ತಿಲ್ಲ, ಹಗಲೋ ರಾತ್ರಿಯೋ ಗೊತ್ತಿಲ್ಲ. ಏನೋ ಇದೆ ಎಂಬುದಷ್ಟೇ ಗೊತ್ತು. ಏರಿಯಮ್ಮ ಈಗ ಅಲ್ಲಿದ್ದಾಳೆ. ಅವಳ ಮಡಿಲಲ್ಲಿ ಸಾಮ್ರಾಜ್ಯಗಳು ಎದ್ದು ಬಿದ್ದಿವೆ, ಅವಳ ಹೆಸರಲ್ಲಿ ಯುದ್ಧಗಳಾಗಿವೆ, ಅವಳ ಮಾತು ಎಂದು ಪೂಜಾರಿಗಳು ಸಾಲುಸಾಲು ಶಾಸನ ಕೊರೆಸಿದ್ದಾರೆ. ಅವಳಿನ್ನೂ ಕಣ್ಣೇ ಬಿಟ್ಟಿಲ್ಲ. ಸರಸ್ವತಿಯ ಅಳತೆ ತೆಗೆದುಕೊಂಡಿದ್ದರೆ ಈ ಕಾಲು ಸೆಕೆಂಡೂ ಸಿಗುತ್ತಿರಲಿಲ್ಲ, ಅದಕ್ಕೇ ಚಿಕ್ಕದನ್ನು ಆರಿಸಿದ್ದು.

ಇಲ್ಲೊಂದು ದೊಡ್ಡ ತೊಡಕು ಇದೆ. ಈ ತುದಿಯಲ್ಲಿ ನಡೆದದ್ದು ಆ ತುದಿಗೆ ತಿಳಿಯುವಷ್ಟರಲ್ಲಿ ಈ ತುದಿಯೇ ಬದಲಾಗಿರುತ್ತದೆ. ಹಾಗಿದ್ದಮೇಲೆ ಅವಳು ಒಬ್ಬಳೋ, ಹಲವರೋ?

ಪಕ್ಕದ ಚಿಕ್ಕಬಳ್ಳಾಪುರ ಜಿಲ್ಲೆಯ ಗೌರಿಬಿದನೂರಿನ ಹತ್ತಿರ 1976ರಿಂದ ಒಂದು ರೇಡಿಯೋ ದೂರದರ್ಶಕ ಇದೆ. ರಾಮನ್ ಸಂಶೋಧನಾ ಸಂಸ್ಥೆ ಮತ್ತು ಭಾರತೀಯ ಖಗೋಳ ಭೌತವಿಜ್ಞಾನ ಸಂಸ್ಥೆ ಸೇರಿ ಕಟ್ಟಿದ್ದು. ದೂರದರ್ಶಕ ಎಂದರೆ ಗುಮ್ಮಟ, ಕನ್ನಡಿ ಎಂದುಕೊಂಡು ಹೋದವರಿಗೆ ಅಲ್ಲಿ ಕಾಣುವುದು ಬಯಲಿನ ತುಂಬ ನೆಟ್ಟ ಕಂಬ ಮತ್ತು ತಂತಿ. ಒಂದು ಸಾವಿರ ತಂತಿ ಆಂಟೆನಾ, ಅಂದರೆ ಡೈಪೋಲ್‌ಗಳು, ಟಿ ಅಕ್ಷರದ ಆಕಾರ, ಪೂರ್ವ ಪಶ್ಚಿಮದ ತೋಳೊಂದೇ 1.4 ಕಿಲೋಮೀಟರ್. ಪ್ರತಿಯೊಂದು ಡೈಪೋಲ್ ಕೇಳಿಸಿಕೊಳ್ಳುವುದು ಗದ್ದಲ ಮಾತ್ರ. ಆಕಾಶದ ಒಂದು ಮೂಲೆಯಿಂದ ಬಂದ ಅಲೆ ಒಂದೊಂದು ತಂತಿಯನ್ನೂ ಒಂದೊಂದು ಗಳಿಗೆಗೆ ಮುಟ್ಟುತ್ತದೆ. ಆ ಹೆಚ್ಚುಕಡಿಮೆಯನ್ನು ಲೆಕ್ಕ ಹಾಕಿ ಸರಿದೂಗಿಸಿ ಕೂಡಿದಾಗಲಷ್ಟೇ ಸಾವಿರವೂ ಸೇರಿ ಒಂದು ಕಣ್ಣಾಗುತ್ತವೆ. ಸರಿದೂಗಿಸದಿದ್ದರೆ ಬಯಲಲ್ಲಿ ಬರೀ ತಂತಿ.

ಏರಿಯಮ್ಮನ ಒಳಗೂ ಈ ಕೆಲಸ ಯಾರಾದರೂ ಮಾಡಲೇಬೇಕಲ್ಲ? ಬೇಗ ಬಂದ ಸುದ್ದಿಯನ್ನು ತಡೆದು, ತಡವಾಗಿ ಬರುವುದಕ್ಕೆ ಕಾದು, ಎರಡನ್ನೂ ಒಟ್ಟಿಗೆ ಬಿಡಬೇಕು. ಇಲ್ಲಿಂದ ನನ್ನ ಕಥೆಯ ಮನುಷ್ಯರು ಹುಟ್ಟಿಕೊಂಡರು. ಅವರನ್ನು ನೀರುಗಂಟಿಗಳು ಎಂದೇ ಕರೆದಿದ್ದೇನೆ. ಅವಳ ಎಳೆಗಳು ಕೂಡುವ ಒಂದೊಂದು ಗಂಟಿನಲ್ಲೂ ಒಂದು ನೀರುಗಂಟಿ ಮನೆತನ. ಕಪ್ಪುಕುಳಿಯ ಸುತ್ತ ಅನಿಲದ ತೂಬು ಎತ್ತುವುದು, ಇಳಿಸುವುದು ಅವರ ವಂಶದ ಕಸುಬು. ಊರಿನ ನೀರುಗಂಟಿಗೆ ಯಾರ ಗದ್ದೆಗೆ ಎಷ್ಟು ಹೊತ್ತು ನೀರು ಎಂಬ ಲೆಕ್ಕ ಬಾಯಲ್ಲೇ ಇರುತ್ತದೆ, ಗೌಡರ ಮಾತನ್ನೂ ಮೀರಿ ಅವನ ಮಾತು ನಡೆಯುತ್ತದೆ. ನನ್ನವರಿಗೂ ಅಂಥದೇ ಹಮ್ಮು.

ಎರಡನೆಯ ಭಾಗದ ಮುಖ್ಯ ಪಾತ್ರ ಮುನಿಯಮ್ಮ. ಅವಳ ತೂಬು ಮೂಡಲ ಏರಿಯ ಕೊನೆಯ ಗಂಟಿನಲ್ಲಿದೆ. ಅವಳಿಗೆ ತಾಯಿಯಿಂದ ಬಂದದ್ದು ಮೂರು: ತೂಬಿನ ಕೀಲಿ, ಒಂದು ಗೋಣಿಚೀಲ ಕಲ್ಲು, ಒಂದು ವಾಕ್ಯ. ವಾಕ್ಯ ಇಷ್ಟೇ, "ಮೇಲಿನದು ಇನ್ನೂ ಬಿದ್ದಿಲ್ಲ." ದಿನಾ ಬೆಳಿಗ್ಗೆ ಮುಖ ತೊಳೆದು, ನೆಲದೊಳಕ್ಕೆ ಕೊರೆದ ಒಂದು ಕುಳಿಯ ಬಾಯಲ್ಲಿ ಕೂತು, ಆ ವಾಕ್ಯ ಹೇಳಿ ಒಂದು ಕಲ್ಲು ಹಾಕುತ್ತಾಳೆ. ಕಲ್ಲು ತಳ ಮುಟ್ಟಿದ ಸದ್ದು ಬರುವುದಿಲ್ಲ. ಅವಳ ತಾಯಿಯೂ ಹಾಗೇ ಹಾಕಿದ್ದು, ಅಜ್ಜಿಯೂ. ಮೇಲಿನ ಕೋಡಿ ಬಿದ್ದ ದಿನ ಬೇರೆ ವಾಕ್ಯ ಹೇಳಬೇಕು. ಅದೇನು ಎಂದು ಯಾರಿಗೂ ನೆನಪಿಲ್ಲ, ಹೇಳಿಕೊಡಬೇಕಾದವರು ಎಷ್ಟೋ ತಲೆಮಾರಿನ ಹಿಂದೆ ತೀರಿಕೊಂಡಿದ್ದಾರೆ. ಕಥೆ ಶುರುವಾಗುವುದೇ ಕೋಡಿ ಬಿದ್ದ ಬೆಳಿಗ್ಗೆ.

ಆ ಕುಳಿ ಎಲ್ಲಿಂದ ಬಂತು ಎಂದು ನಿಮಗೆ ಹೊಳೆದಿರಬೇಕು. ಕೋಲಾರಮ್ಮನ ಗುಡಿಯಲ್ಲಿ ಚೇಳಮ್ಮನ ಸನ್ನಿಧಿಯಲ್ಲಿ ನೆಲದೊಳಕ್ಕೆ ತೋಡಿದ ಹಳೆಯ ಹುಂಡಿ ಇದೆಯಲ್ಲ, ಅದೇ. ಚೇಳು ಕಚ್ಚದಿರಲಿ ಎಂದು ತಲೆತಲಾಂತರದಿಂದ ಜನ ಕಾಸು ಹಾಕುತ್ತಾ ಬಂದಿದ್ದಾರೆ. ಕೊಟ್ಟದ್ದು ಕಣ್ಣಿಗೆ ಕಾಣದಷ್ಟು ಕೆಳಗೆ ಹೋಗುತ್ತದೆ.

ಇನ್ನೊಂದು ಜಗಳವೂ ಇಲ್ಲಿಯದೇ. 2018ರಿಂದ ಕೆ.ಸಿ. ವ್ಯಾಲಿ ಯೋಜನೆಯಲ್ಲಿ ಬೆಂಗಳೂರಿನ ಸಂಸ್ಕರಿಸಿದ ನೀರು ಬಂದು ಈ ಜಿಲ್ಲೆಯ ಕೆರೆಗಳನ್ನು ತುಂಬುತ್ತಿದೆ. ಅಂತರ್ಜಲ ಏರಿದೆ ಎಂದು ಖುಷಿಪಡುವವರೂ ಇದ್ದಾರೆ, ಆ ನೀರಿನ ಗುಣದ ಬಗ್ಗೆ ತಕರಾರು ತೆಗೆಯುವವರೂ ಇದ್ದಾರೆ. ನಾನು ಅದಕ್ಕೆ ಕೈಹಾಕುವುದಿಲ್ಲ. ಕಥೆಗಾರನ ಸ್ವಾರ್ಥ ನನ್ನದು: ಏರಿಯಮ್ಮನ ಪಕ್ಕದಲ್ಲಿ ಸತ್ತುಹೋದ ಇನ್ನೊಂದು ರಚನೆ ಇದ್ದು, ಅದು ಯೋಚಿಸಿ ಬಿಟ್ಟದ್ದು ಹರಿದು ಇವಳ ಬತ್ತಿದ ಕೆರೆಗಳಿಗೆ ಬಂದರೆ? ಕೋಡಿಯಂತೂ ಬೀಳುತ್ತದೆ. ಆದರೆ ಆ ಯೋಚನೆ ಯಾರದು? ಮುನಿಯಮ್ಮನ ಊರಲ್ಲಿ ಇದರ ಮೇಲೆ ಎರಡು ಪಂಗಡವಾಗಿ, ಮದುವೆ ಸಂಬಂಧವೇ ನಿಂತುಹೋಗುತ್ತದೆ.

ನೆನಪಿನ ಬಗ್ಗೆ ಬೇಗ ಹೇಳಿ ಮುಂದೆ ಹೋಗುತ್ತೇನೆ, ಇದು ಸ್ವಲ್ಪ ಒಣ ವಿಷಯ. ಒಂದು ಬಿಟ್ ಮಾಹಿತಿಯನ್ನು ಅಳಿಸಿದರೆ ಇಷ್ಟಾದರೂ ಶಾಖ ಹೊರಗೆ ಹೋಗಲೇಬೇಕು ಎಂದು 1961ರಲ್ಲಿ ಭೌತವಿಜ್ಞಾನಿ ರಾಲ್ಫ್ ಲಾಂಡಾವರ್ ತೋರಿಸಿದರು. ಸುತ್ತಲೂ ತಣ್ಣಗಿದ್ದಷ್ಟೂ ಆ ಖರ್ಚು ಕಡಿಮೆ. ನಮ್ಮ ಕೋಣೆಯ ತಾಪಮಾನ ಸುಮಾರು 300 ಕೆಲ್ವಿನ್, ಖಾಲಿ ಆಕಾಶದ್ದು 2.7. ಮರೆಯುವುದು ಅಲ್ಲಿ ನೂರು ಪಾಲಿಗೂ ಹೆಚ್ಚು ಅಗ್ಗ. ಇದನ್ನೇ ಹಿಡಿದು 1979ರಲ್ಲಿ ಇನ್ನೊಬ್ಬ ಭೌತವಿಜ್ಞಾನಿ ಫ್ರೀಮನ್ ಡೈಸನ್, ಬ್ರಹ್ಮಾಂಡ ತಣ್ಣಗಾಗುತ್ತಾ ಹೋದಂತೆ ಜೀವವೂ ನಿಧಾನವಾಗುತ್ತಾ ಹೋದರೆ, ಮಿತವಾದ ಶಕ್ತಿಯಲ್ಲೇ ಎಂದೆಂದಿಗೂ ಯೋಚಿಸುತ್ತಿರಬಹುದು ಎಂದು ಲೆಕ್ಕ ಕೊಟ್ಟರು. ಕಥೆಗಾರರಿಗೆ ಹಬ್ಬ. ಆದರೆ 1998ರಲ್ಲಿ ಬ್ರಹ್ಮಾಂಡ ಹಿಗ್ಗುವ ವೇಗ ಹೆಚ್ಚುತ್ತಿದೆ ಎಂದು ತಿಳಿಯಿತು, ಅದನ್ನು ಕಂಡವರಿಗೆ 2011ರಲ್ಲಿ ನೊಬೆಲ್ ಬಂತು, ಡೈಸನ್ ಅವರ ಆಸೆಗೆ ಪೆಟ್ಟು ಬಿತ್ತು. ಲಾನಿಯಾಕಿಯಾದಂಥ ರಚನೆಯನ್ನು ಹಿಡಿದಿಡುವಷ್ಟು ಬಿಗಿ ಅದರ ಗುರುತ್ವಕ್ಕಿಲ್ಲ. ಬಹಳ ಮುಂದೆ, ಅದರ ಗುಂಪುಗಳು ಒಂದನ್ನೊಂದು ಬಿಟ್ಟು ದೂರವಾಗುತ್ತವೆ. ಏರಿಯಮ್ಮನ ಪಾಡೂ ಅಷ್ಟೇ. ಕೆರೆಗೂ ಕೆರೆಗೂ ನಡುವಿನ ಕಾಲುವೆ ಉದ್ದವಾಗುತ್ತಾ ಹೋಗಿ, ಕೊನೆಗೆ ಬಿದ್ದ ಕೋಡಿ ಎಲ್ಲೂ ತಲುಪುವುದಿಲ್ಲ. ಅವಳಿಗೆ ಎಣಿಸಿಟ್ಟಷ್ಟೇ ಯೋಚನೆಗಳು, ಅದರಲ್ಲಿ 26 ಮುಗಿದಿವೆ.

ಇನ್ನು ನನ್ನ ಸುಳ್ಳಿನ ವಿಷಯ. ಇಂಥ ಕಥೆಯಲ್ಲಿ ಒಂದು ಸುಳ್ಳಿಗೆ ಮಾತ್ರ ಪರವಾನಗಿ ಕೊಟ್ಟುಕೊಳ್ಳಬೇಕು ಎಂಬುದು ನನ್ನ ಕಟ್ಟುಪಾಡು. ನನ್ನ ಸುಳ್ಳು ನ್ಯೂಟ್ರಿನೊ, ಹೆಚ್ಚುಕಡಿಮೆ ಎಲ್ಲವನ್ನೂ ತೂರಿಹೋಗುವ ಒಂದು ಚಿಕ್ಕ ಕಣ. ಸೂರ್ಯನಿಂದ ಹೊರಟ ನ್ಯೂಟ್ರಿನೊಗಳು ನಿಮ್ಮ ಉಗುರಿನಷ್ಟು ಜಾಗದಲ್ಲಿ ಸೆಕೆಂಡಿಗೆ ಸುಮಾರು 6,500 ಕೋಟಿ ತೂರಿಹೋಗುತ್ತಿವೆ, ನಿಮಗೂ ಗೊತ್ತಾಗುವುದಿಲ್ಲ, ಅವಕ್ಕೂ ಗೊತ್ತಾಗುವುದಿಲ್ಲ. ಕಪ್ಪುಕುಳಿಗಳ ಸುತ್ತಲಿಂದಲೂ ಅವು ಹೊರಡುತ್ತವೆ. 2017ರ ಸೆಪ್ಟೆಂಬರಿನಲ್ಲಿ ದಕ್ಷಿಣ ಧ್ರುವದ ಮಂಜಿನೊಳಗೆ ನ್ಯೂಟ್ರಿನೊ ಹಿಡಿಯಲು ಹೂತಿಟ್ಟ ಉಪಕರಣ ಐಸ್‌ಕ್ಯೂಬ್‌ನಲ್ಲಿ ಸಿಕ್ಕ ಒಂದು ನ್ಯೂಟ್ರಿನೊದ ಜಾಡು ಹಿಡಿದು ಹೋದರೆ ಅಂಥ ಒಂದು ಗೆಲಾಕ್ಸಿ ಕಂಡಿತು. ಅನಿಲ, ಧೂಳು ಯಾವುದೂ ತಡೆಯದ ಈ ಕಣವೇ ಏರಿಯಮ್ಮನ ನರ ಎಂದು ನಾನು ಇಟ್ಟುಕೊಂಡೆ. ಅವಳ ಅನಿಲಕ್ಕೆ ಮಾತ್ರ ನ್ಯೂಟ್ರಿನೊ ಸೋಕಿದ್ದು ತಿಳಿಯುತ್ತದೆ. ಅದೇ ಸುಳ್ಳು. ಅದೊಂದನ್ನು ಒಪ್ಪಿಕೊಂಡರೆ ಮಿಕ್ಕದ್ದನ್ನು ನಾನು ಲೆಕ್ಕದಲ್ಲೇ ನಡೆಸಿಕೊಡುತ್ತೇನೆ.

ನ್ಯೂಟ್ರಿನೊ ಎಂದಮೇಲೆ ಕೆಜಿಎಫ್ ಬರದೆ ಇರುತ್ತದೆಯೇ? ಇಲ್ಲಿ ನಾನು ಸ್ವಲ್ಪ ಹೊತ್ತು ನಿಲ್ಲುತ್ತೇನೆ, ಯಾಕೆಂದರೆ ಕೋಲಾರದ ಹುಡುಗರಿಗೇ ಇದು ಸಿನಿಮಾದಷ್ಟು ಗೊತ್ತಿಲ್ಲ. ಆಕಾಶದಿಂದ ಬೀಳುವ ಕಾಸ್ಮಿಕ್ ಕಿರಣಗಳಿಂದ ಮ್ಯೂಆನ್ ಎಂಬ ಕಣಗಳು ಹುಟ್ಟಿ ನೆಲಕ್ಕೆ ಸುರಿಯುತ್ತಿರುತ್ತವೆ. ಈ ಗದ್ದಲದಲ್ಲಿ ನ್ಯೂಟ್ರಿನೊ ಹುಡುಕುವುದು ಆಗದ ಮಾತು. ಆಳಕ್ಕೆ ಇಳಿದಷ್ಟೂ ಬಂಡೆ ಮ್ಯೂಆನ್‌ಗಳನ್ನು ತಡೆಯುತ್ತದೆ. ಮುಂಬೈಯ ಟಾಟಾ ಸಂಶೋಧನಾ ಸಂಸ್ಥೆಯವರು ಚಿನ್ನದ ಗಣಿಯೊಳಗೆ ಬೇರೆಬೇರೆ ಆಳದಲ್ಲಿ ಉಪಕರಣ ಇಟ್ಟು ಎಣಿಸುತ್ತಾ ಹೋದರು. ಅವರಲ್ಲಿ ಬಿ.ವಿ. ಶ್ರೀಕಂಠನ್ ನಂಜನಗೂಡಿನವರು. ಎಲ್ಲಕ್ಕಿಂತ ಆಳದ ಜಾಗದಲ್ಲಿ ಸುಮಾರು ಎರಡು ತಿಂಗಳು ಕಾದರೂ ಒಂದು ಮ್ಯೂಆನ್ ಬೀಳಲಿಲ್ಲ. ಬೇರೆ ಯಾರಾದರೂ ಆಗಿದ್ದರೆ ಕೆಲಸ ಕೆಟ್ಟಿತು ಅನ್ನುತ್ತಿದ್ದರು. ಇವರಿಗೆ ಇದೇ ಸರಿಯಾದ ಜಾಗ ಎಂದು ಖಾತ್ರಿಯಾಯಿತು.

ಚಾಂಪಿಯನ್ ರೀಫ್ ಗಣಿಯಲ್ಲಿ 2.3 ಕಿಲೋಮೀಟರ್ ಕೆಳಗೆ, ಜಪಾನಿನ ಒಸಾಕಾ ಮತ್ತು ಇಂಗ್ಲೆಂಡಿನ ಡರ್ಹಮ್‌ನವರೊಂದಿಗೆ ಸೇರಿ ಉಪಕರಣ ನಿಲ್ಲಿಸಿದರು. ಅದನ್ನು ಮಲಗಿಸಲಿಲ್ಲ, ಗೋಡೆಯ ಹಾಗೆ ನಿಲ್ಲಿಸಿದರು. ಮೇಲಿಂದ ಬರುವುದರ ಮೇಲೆ ಅನುಮಾನ ಇದ್ದೇ ಇರುತ್ತದೆ, ಅಳಿದುಳಿದ ಮ್ಯೂಆನ್ ಇರಬಹುದು. ಪಕ್ಕದಿಂದ ಅಡ್ಡಡ್ಡ ಬಂದರೆ? ಅಷ್ಟು ಉದ್ದದ ಬಂಡೆ ತೂರಿ ಬರುವ ತಾಕತ್ತು ಮ್ಯೂಆನ್‌ಗಿಲ್ಲ. ಬಂಡೆಯೊಳಗೇ ಹತ್ತಿರದಲ್ಲೆಲ್ಲೋ ನ್ಯೂಟ್ರಿನೊ ಒಂದು ತಾಗಿ ಅದನ್ನು ಹುಟ್ಟಿಸಿರಬೇಕು. 1965ರಲ್ಲಿ ಹಾಗೆ ಅಡ್ಡ ಬಂದ ಗೆರೆ ಸಿಕ್ಕಿತು. ವಾತಾವರಣದಲ್ಲಿ ಹುಟ್ಟಿದ ನ್ಯೂಟ್ರಿನೊವನ್ನು ಹಿಡಿದ ಜಗತ್ತಿನ ಮೊದಲ ವರದಿ ಆ ಆಗಸ್ಟಿನಲ್ಲಿ ಅಚ್ಚಾಯಿತು. ದಕ್ಷಿಣ ಆಫ್ರಿಕಾದ ಇನ್ನೊಂದು ಚಿನ್ನದ ಗಣಿಯಲ್ಲಿ ಇದೇ ಕೆಲಸ ಮಾಡುತ್ತಿದ್ದವರ ವರದಿ ಬಂದದ್ದು ಎರಡು ವಾರ ತಡವಾಗಿ.

ಇದಾದ ಮೇಲೆ ಇನ್ನೂ ಸೋಜಿಗದ ಒಂದು ಸಂಗತಿ ಇದೆ. ಅದೇ ಗಣಿಯ ಉಪಕರಣಗಳಲ್ಲಿ ಕೆಲವು ಗೆರೆಗಳು ಬಂಡೆಯಿಂದ ಹೊರಡದೆ, ನಡುವಿನ ಗಾಳಿಯಲ್ಲೇ ಒಂದು ಬಿಂದುವಿನಿಂದ ಕವಲೊಡೆದಂತೆ ಕಂಡವು. 1975ರಲ್ಲಿ ಅದರ ಬಗ್ಗೆ ಬರೆದರು. ಭೌತವಿಜ್ಞಾನಿಗಳು ಇಂದಿಗೂ ಅವನ್ನು "ಕೋಲಾರ್ ಈವೆಂಟ್ಸ್" ಎಂದೇ ಕರೆಯುತ್ತಾರೆ. ಹೊಸ ಕಣವೊಂದು ಹಾರುತ್ತಾ ಬಂದು ಅಲ್ಲಿ ಒಡೆದಿರಬಹುದು ಎಂಬ ಊಹೆ ಇತ್ತು, ಅದು ಗಟ್ಟಿಯಾಗಲಿಲ್ಲ. ನನ್ನ ಕಥೆಯಲ್ಲಿ ಆ ಕವಲುಗಳು ಮುನಿಯಮ್ಮ ತೂಬು ತಪ್ಪಾಗಿ ಎತ್ತಿದ ಬೆಳಿಗ್ಗೆ ಸೋರಿಹೋದ ಚೂರುಗಳು. ಏರಿಯಮ್ಮನ ಸುದ್ದಿ ಹಿಡಿಯಲು ಅದೇ ಗಣಿಯಲ್ಲಿ ಮತ್ತೆ ಮಿಷನ್ನು ಇಡುವ ಭಾಗವೂ ಇದೆ. ಇದೆಲ್ಲ ಶುದ್ಧ ಕಟ್ಟುಕಥೆ. ದಯವಿಟ್ಟು ಇದನ್ನು ಫಾರ್ವರ್ಡ್ ಮಾಡಿ ವಿಜ್ಞಾನಿಗಳ ತಲೆಗೆ ಕಟ್ಟಬೇಡಿ.

ಆಮೇಲೆ ಪ್ರಶ್ನೆಗಳಿಗೆ ಬಿಟ್ಟರು. ಎಲ್ಲವನ್ನೂ ಇಲ್ಲಿ ಬರೆಯುತ್ತಿಲ್ಲ.

ಮುಂದಿನ ಸಾಲಿನಲ್ಲಿದ್ದ ಕಾಲೇಜು ಹುಡುಗಿ ಕೇಳಿದಳು, "ಸಾರ್, ನಾವು ಇರೋದು ಏರಿಯಮ್ಮನಿಗೆ ಗೊತ್ತಾ?"

ಇಲ್ಲಮ್ಮ ಅಂದೆ. ಮನುಷ್ಯ ಜಾತಿಗೆ ವಯಸ್ಸು ಸುಮಾರು 3 ಲಕ್ಷ ವರ್ಷ. ಅವಳ ಒಂದು ಅಲೆಗೇ 96 ಲಕ್ಷ. ಅಲೆಯ ಏರಿನಲ್ಲಿ ಹುಟ್ಟಿ, ಅದು ತುದಿ ಮುಟ್ಟುವ ಮೊದಲೇ ನಮ್ಮ ಇತಿಹಾಸವೆಲ್ಲ ಮುಗಿದಿರುತ್ತದೆ.

"ಮತ್ತೆ ಅವಳ ಹೆಸರಲ್ಲಿ ಯುದ್ಧ ಮಾಡೋರಿಗೆ ಇದು ಗೊತ್ತಾಗಲ್ವಾ?"

"ಮೂರನೇ ಭಾಗದಲ್ಲಿ ಒಬ್ಬನಿಗೆ ಗೊತ್ತಾಗುತ್ತೆ. ಅವನು ಪೂಜಾರಿ. ಯಾರಿಗೂ ಹೇಳಲ್ಲ."

ಹಿಂದಿನಿಂದ ಒಬ್ಬರು, ಹೆಣ್ಣೇ ಯಾಕೆ ಎಂದರು. ಊರು ಕಾಯುವವರು ಅಮ್ಮಂದಿರೇ ಅಲ್ಲವೇ, ಕೋಲಾರದಲ್ಲಿ ನಿಂತು ಬೇರೆ ಹೇಗೆ ಬರೆಯಲಿ ಎಂದೆ. ಅವರಿಗೆ ಅದು ಸಾಲಲಿಲ್ಲ ಎಂದು ಮುಖದಲ್ಲೇ ಕಂಡಿತು.

ಕೊನೆಗೆ ಎದ್ದವರು ಗಣಿಯಲ್ಲಿ ದುಡಿದವರಂತೆ. ಮೈಕು ಬೇಡ ಎಂದರು. "ಮೇಷ್ಟ್ರೇ, ನಿಮ್ ಕತೆ ಚೆನ್ನಾಗೈತೆ. ಆದ್ರೆ ಗಣಿ 2001ರಲ್ಲೇ ಮುಚ್ಚವ್ರೆ. ಪಂಪು ನಿಂತ ಮ್ಯಾಲೆ ಒಳಗೆಲ್ಲ ನೀರು ನಿಂತೈತೆ. ನಿಮ್ ಮಿಷನ್ನು ಎಲ್ಲಿ ಇಡ್ತೀರಾ?"

ಇದಕ್ಕೆ ಉತ್ತರ ಕೊಡಲು ನನಗೆ ನಿಜಕ್ಕೂ ಖುಷಿಯಾಯಿತು. ಅಣ್ಣಾ, ಆ ನೀರೇ ನನ್ನ ಮಿಷನ್ನು. ಜಪಾನಿನ ಕಾಮಿಯೋಕಾ ಗಣಿಯಲ್ಲಿ ಒಂದು ಕಿಲೋಮೀಟರ್ ಕೆಳಗೆ 50,000 ಟನ್ ನೀರು ತುಂಬಿದ ತೊಟ್ಟಿ ಇಟ್ಟಿದ್ದಾರೆ. ನ್ಯೂಟ್ರಿನೊ ತಾಗಿ ಹುಟ್ಟಿದ ಕಣ ನೀರಿನೊಳಗೆ ಬೆಳಕಿಗಿಂತ ಜೋರಾಗಿ ಓಡಿದಾಗ ನೀಲಿ ಮಿಂಚು ಬರುತ್ತದೆ, ಸುತ್ತ ಗೋಡೆಗೆ ಕೂರಿಸಿದ ಕಣ್ಣುಗಳು ಅದನ್ನು ಹಿಡಿಯುತ್ತವೆ. ನೀರಿನಲ್ಲಿ ಬೆಳಕಿನ ವೇಗ ಮುಕ್ಕಾಲಿಗೆ ಇಳಿಯುವುದರಿಂದ ಅಲ್ಲಿ ಕಾನೂನು ಮುರಿದ ಹಾಗೆ ಆಗುವುದಿಲ್ಲ. ನನ್ನ ಜಗತ್ತಿನ ಚಾಂಪಿಯನ್ ರೀಫ್‌ನಲ್ಲೂ ಹಾಗೇ, ಶಾಫ್ಟಿನ ಉದ್ದಕ್ಕೂ ಕಣ್ಣುಗಳನ್ನು ಇಳಿಬಿಡುತ್ತಾರೆ.

ಅವರು ತಲೆ ಆಡಿಸಿದರು. "ಆ ನೀರು ಸೈನೈಡ್ ಗುಡ್ಡದ ಪಕ್ಕದ್ದು ಸಾಮಿ. ಮಣ್ಣು, ತುಕ್ಕು, ಎಲ್ಲ ಸೇರ್ಕೊಂಡೈತೆ. ಒಳಗೆ ಕೈ ಇಟ್ರೆ ಕೈಯೇ ಕಾಣ್ಸಲ್ಲ. ನಿಮ್ ಮಿಂಚು ಎಲ್ಲಿಂದ ಕಾಣ್ತೈತೆ?"

ಸರಿಯಾದ ಮಾತು. ಕಾಮಿಯೋಕಾದಲ್ಲಿ ನೀರನ್ನು ಎಡೆಬಿಡದೆ ಸೋಸುತ್ತಲೇ ಇರುತ್ತಾರೆ, ಒಂದಿಷ್ಟು ಕಲಕಿದರೂ ಕೆಲಸ ಕೆಡುತ್ತದೆ. ಹಾಗಾಗಿ ನನ್ನ ಹಸ್ತಪ್ರತಿಯಲ್ಲಿ ಕೆಜಿಎಫ್ ಭಾಗ ಶುರುವಾಗಿ ಬಹಳ ಪುಟಗಳವರೆಗೆ ಏರಿಯಮ್ಮನ ಸುದ್ದಿಯೇ ಬರುವುದಿಲ್ಲ. ಬರೀ ಫಿಲ್ಟರ್, ಪೈಪು, ಕರೆಂಟು ಹೋದಾಗ ನಿಲ್ಲುವ ಪಂಪು, ಸಂಬಳ ಬಾರದ ಕೆಲಸಗಾರರ ಗಲಾಟೆ. ಅದನ್ನು ಹೇಳಿದೆ. ಸಂಬಳದ ವಿಷಯ ಬರೆಯುವ ಮೊದಲು ತಮ್ಮ ಜೊತೆಯವರನ್ನೂ ಒಂದು ಸಲ ಕೇಳಬೇಕು ಎಂದು ಹೇಳಿ ಅವರು ಕೂತರು.